ಮುಖ ನೋಡಿ ಮಣೆ ಹಾಕುವ ಯಂತ್ರ

ಮುಖ ನೋಡಿ ಮಣೆ ಹಾಕುವುದು ಮನುಷ್ಯರ ಹಳೆಯ ಚಾಳಿ. ಅದನ್ನು ಯಂತ್ರಕ್ಕೂ ಕಲಿಸಿದರೆ ಏನಾದೀತು? 2019ರ ಸೆಪ್ಟೆಂಬರ್‌ನಲ್ಲಿ ಇಟಲಿಯ ಮಿಲಾನ್ ನಗರದಲ್ಲಿ ಆರಂಭವಾದ ಕಲಾಪ್ರದರ್ಶನವೊಂದು ಎತ್ತಿದ ಪ್ರಶ್ನೆ ಇದು. ಅಮೆರಿಕದ ಕಲಾವಿದ ಟ್ರೆವರ್ ಪ್ಯಾಗ್ಲೆನ್ ಮತ್ತು ಆಸ್ಟ್ರೇಲಿಯಾ ಮೂಲದ ವಿದ್ವಾಂಸೆ ಕೇಟ್ ಕ್ರಾಫರ್ಡ್ ಅದರ ರೂವಾರಿಗಳು.

ಅವರು ರೂಪಿಸಿದ ‘ಇಮೇಜ್‌ನೆಟ್ ರೂಲೆಟ್’ ಎಂಬ ಕೃತಿಗೆ ಕುಂಚವೂ ಇಲ್ಲ, ಬಣ್ಣವೂ ಇಲ್ಲ. ಯಾರು ಬೇಕಾದರೂ ಅಂತರಜಾಲದಲ್ಲಿ ಅದಕ್ಕೆ ತಮ್ಮ ಭಾವಚಿತ್ರ ಕೊಡಬಹುದಿತ್ತು. ಕಂಪ್ಯೂಟರ್ ಮುಖದ ಸುತ್ತ ಚೌಕ ಎಳೆದು, ಇವರು ಇಂಥವರು ಎಂದು ಚೀಟಿ ಅಂಟಿಸುತ್ತಿತ್ತು. ಕೆಲವರಿಗೆ ಸಿಕ್ಕಿದ್ದು ನಿರುಪದ್ರವಿ ಹೆಸರು. ಕಪ್ಪು ವರ್ಣದ ಕೆಲವರಿಗೆ ‘ತಪ್ಪಿತಸ್ಥ’ ಎಂಬ ಪಟ್ಟ. ಇನ್ನು ಕೆಲವರಿಗೆ ಜನಾಂಗೀಯ ಬೈಗುಳ.

ಯಂತ್ರಕ್ಕೆ ಈ ಬುದ್ಧಿ ಬಂದುದೆಲ್ಲಿಂದ? ಕಂಪ್ಯೂಟರಿಗೆ ಸ್ವಂತ ಕಣ್ಣಿಲ್ಲ. ನೂರಾರು ಚಿತ್ರ ತೋರಿಸಿ ‘ಇದು ಸೇಬು, ಇದು ಸೈಕಲ್’ ಎಂದು ಹೇಳಿಕೊಟ್ಟರೆ, ಹೊಸ ಚಿತ್ರ ಕಂಡಾಗ ಹೋಲಿಕೆಯಿಂದ ಹೆಸರು ಹೇಳುತ್ತದೆ. ಅಂಥ ಪಾಠಕ್ಕೆಂದು ಅಮೆರಿಕದ ಸಂಶೋಧಕರು 2009ರಲ್ಲಿ ಹೊರತಂದ ಚಿತ್ರಭಂಡಾರವೇ ಇಮೇಜ್‌ನೆಟ್. ಅಂತರಜಾಲದಿಂದ ಆಯ್ದ ಅದರ ಚಿತ್ರಗಳ ಸಂಖ್ಯೆ ಮುಂದೆ 1.4 ಕೋಟಿ ಮೀರಿತು. ವರ್ಗಗಳ ಹೆಸರು ಬಂದದ್ದು ‘ವರ್ಡ್‌ನೆಟ್’ ಎಂಬ ಇಂಗ್ಲಿಷ್ ಪದಕೋಶದಿಂದ. ಚಿತ್ರಗಳನ್ನು ವಿಂಗಡಿಸಿದವರು ಚಿಲ್ಲರೆ ಕೂಲಿಗೆ ದುಡಿದ ಅನಾಮಿಕರು.

ಸೇಬಿನ ಮಟ್ಟಿಗೆ ತೊಂದರೆಯಿಲ್ಲ. ಆದರೆ ಮನುಷ್ಯರನ್ನೂ ಅಲ್ಲಿ 2,800ಕ್ಕೂ ಹೆಚ್ಚು ವರ್ಗಗಳಾಗಿ ವಿಂಗಡಿಸಲಾಗಿತ್ತು. ‘ಸಾಲಗಾರ’, ‘ಕಪಟಿ’ ಎಂಬವೂ ಅವುಗಳಲ್ಲಿದ್ದವು. ಸಾಲ ಯಾರ ಮುಖದ ಮೇಲೆ ಬರೆದಿರುತ್ತದೆ? ಕೂಲಿಂಗ್ ಗ್ಲಾಸ್ ಹಾಕಿಕೊಂಡ ಮಗುವೊಂದರ ಚಿತ್ರ ‘ಸೋತವರು’ ಎಂಬ ಗುಂಪಿಗೆ ಸೇರಿತ್ತು. ಎಂದೋ ಯಾರೋ ಕೊಟ್ಟ ತೀರ್ಪು ಯಂತ್ರದ ಪಾಲಿಗೆ ಜ್ಞಾನವಾಗಿಬಿಟ್ಟಿತ್ತು. ಪ್ರದರ್ಶನಕ್ಕೆ ಬಂದವರು ಇದನ್ನು ಪುಸ್ತಕದಲ್ಲಿ ಓದಿ ತಿಳಿಯಲಿಲ್ಲ. ತಮ್ಮದೇ ಮುಖದ ಮೇಲೆ ಚೀಟಿ ಬಿದ್ದಾಗ ಅರಿತರು. ಕಲೆ ಇಲ್ಲಿ ಮಾಡಿದ ಕೆಲಸ ಅದು.

ಕೃತಿ ಸುದ್ದಿಯಾದ ಬೆನ್ನಲ್ಲೇ ಇಮೇಜ್‌ನೆಟ್ ತಂಡ, ಜನರ ಸುಮಾರು 6 ಲಕ್ಷ ಚಿತ್ರಗಳನ್ನು ತೆಗೆದುಹಾಕುವುದಾಗಿ ಪ್ರಕಟಿಸಿತು. ಈ ಪರಿಶೀಲನೆ ಮೊದಲೇ ನಡೆದಿತ್ತೆಂದೂ ಹೇಳಿತು. ಅದೇ ತಿಂಗಳ ಕೊನೆಗೆ ಕಲಾವಿದರೂ ರೂಲೆಟನ್ನು ಅಂತರಜಾಲದಿಂದ ಹಿಂತೆಗೆದುಕೊಂಡರು.

ರೂಲೆಟ್ ಅಂಟಿಸಿದ ಚೀಟಿ ಕಣ್ಣೆದುರೇ ಇತ್ತು. ಒಪ್ಪದವರು ನಗಬಹುದಿತ್ತು, ಜಗಳಕ್ಕೆ ನಿಲ್ಲಬಹುದಿತ್ತು. ಇಂದು ಹಲವು ದೇಶಗಳಲ್ಲಿ ಪೊಲೀಸರ ಕ್ಯಾಮೆರಾಗಳು ದಾರಿಹೋಕರ ಮುಖವನ್ನು ಸಂಶಯಿತರ ಪಟ್ಟಿಯೊಂದಿಗೆ ತಾಳೆ ನೋಡುತ್ತವೆ. ಆ ಯಂತ್ರ ತನ್ನನ್ನು ಯಾರೆಂದು ಭಾವಿಸಿತು ಎಂಬುದು ದಾರಿಹೋಕನಿಗೆ ತಿಳಿಯುವ ಬಗೆ ಹೇಗೆ?