ಹಳೆಯ ಪ್ಲಗಿನ್ ಮೂಕವಾಗುವುದೇಕೆ?

ಹಳೆಯ ಕಂಪ್ಯೂಟರಿನ ಸಂಗೀತ ತಂತ್ರಾಂಶದಲ್ಲಿ ಸುಶ್ರಾವ್ಯವಾಗಿ ನುಡಿಯುತ್ತಿದ್ದ ಸಿಂಥ್ ಪ್ಲಗಿನ್,
ಹೊಸದಕ್ಕೆ ನಕಲಿಸಿದೊಡನೆ
ಮೂಕವಾಗುವುದೇಕೆ?

ಪರದೆಯ ಮೇಲಣ ಸಂದೇಶವನ್ನು ಗಮನಿಸಿರಿ:
ಎಂಎಸ್‌ವಿಸಿಆರ್71 ಎಂಬ ಡಿಎಲ್‌ಎಲ್ ಕಡತ ಕಾಣೆಯಾಗಿದೆ.

1996ರಲ್ಲಿ ಸ್ಟೈನ್‌ಬರ್ಗ್ ಸಂಸ್ಥೆಯು ಸಂಗೀತ ಪ್ಲಗಿನ್‌ಗಳ ವಿಎಸ್‌ಟಿ ಪದ್ಧತಿಯನ್ನು ಪ್ರವರ್ತಿಸಿದ ತರುವಾಯ
ವಿಂಡೋಸಿಗೆಂದು ರಚಿತವಾದ ಅಸಂಖ್ಯ ಪ್ಲಗಿನ್‌ಗಳು,
ಮೆಮೊರಿ ಪಡೆಯುವುದು, ಕಡತ ತೆರೆಯುವುದು ಮೊದಲಾದ
ಸಾಮಾನ್ಯ ಕಾರ್ಯಗಳ ಸಾಮಗ್ರಿಯನ್ನು
ತಾವೇ ಹೊತ್ತು ತಾರದೆ,
ಇಂತಹ ಹಂಚಿಕೆಯ ಕಡತಗಳಿಂದ ಎರವಲು ಪಡೆಯುತ್ತಿದ್ದುವು.

ಹಳ್ಳಿಯ ಮದುವೆಮನೆಯವರು
ಸ್ವಂತಕ್ಕೊಂದು ಕೊಪ್ಪರಿಗೆಯನ್ನು ಕೊಳ್ಳದೆ,
ದೇವಾಲಯದ ಕೊಪ್ಪರಿಗೆಯನ್ನೇ ನಂಬಿ
ಅಡಿಗೆಗೆ ಅಣಿಯಾಗುವಂತೆ ಇದು.
ಅದೇ ಅಲ್ಲಿಲ್ಲವಾದರೆ, ಒಲೆ ಹೊತ್ತಿಸಿ ಫಲವೇನು?

2003ರ ವಿಷುಯಲ್ ಸ್ಟುಡಿಯೋ ಎಂಬ ತಂತ್ರಾಂಶ ರಚನಾ ಸಾಧನದೊಡನೆ ಬಂದ ಎಂಎಸ್‌ವಿಸಿಆರ್71 ಕಡತವು
ವಿಂಡೋಸಿನ ಅಂಗವಾಗಿರಲಿಲ್ಲ;
ಪ್ಲಗಿನ್‌ನ ಇನ್‌ಸ್ಟಾಲರೇ ಅದನ್ನು ತಂದಿರಿಸಬೇಕಾಗಿತ್ತು.
ಪ್ಲಗಿನ್ ಒಂದನ್ನೇ ನಕಲಿಸಿದವರಿಗೆ
ಸ್ವರ ದೊರೆಯದಿರುವುದು ಇದರಿಂದಲೇ.

ಇನ್ನೊಂದು ಸೂಕ್ಷ್ಮವುಂಟು.
ಕಡತವನ್ನು ಪ್ಲಗಿನ್‌ನ ಪಕ್ಕದಲ್ಲಿಯೇ ಇರಿಸಿದರೂ ಸಾಲದೆ ಹೋಗಬಹುದು;
ಏಕೆಂದರೆ ವಿಂಡೋಸ್ ಸಾಮಾನ್ಯವಾಗಿ ಅದನ್ನು ಅರಸುವುದು
ಪ್ಲಗಿನ್‌ನ ಫೋಲ್ಡರಿನಲ್ಲಲ್ಲ,
ಆ ಪ್ಲಗಿನ್ನನ್ನು ತೆರೆದ ಸಂಗೀತ ತಂತ್ರಾಂಶದ ಫೋಲ್ಡರಿನಲ್ಲಿ,
ಬಳಿಕ ತನ್ನ ಸಿಸ್ಟಮ್ ಫೋಲ್ಡರುಗಳಲ್ಲಿ.
32 ಬಿಟ್ ಪ್ಲಗಿನ್‌ಗೆ 32 ಬಿಟ್ ಕಡತವೇ ಬೇಕು;
64 ಬಿಟ್ಟಿನದು ಒಗ್ಗದು.

ಎಷ್ಟೋ ಜನರ ಅಪೂರ್ಣ ಹಾಡುಗಳು
ಈ ಒಂದು ಪುಟ್ಟ ಕಡತಕ್ಕಾಗಿ ಕಾದಿವೆಯೆಂಬುದು
ನನಗೆ ನಿಜವಾಗಿಯೂ ವ್ಯಥೆಯ ಸಂಗತಿ.

ಆದರೂ, ಅಪರಿಚಿತ ತಾಣಗಳಿಂದ
ಬಿಡಿ ಡಿಎಲ್‌ಎಲ್‌ಗಳನ್ನು ಇಳಿಸಿಕೊಳ್ಳಬೇಡಿರಿ;
ಅವುಗಳಲ್ಲಿ ವೈರಸ್ ಅಡಗಿರಬಹುದು.
ಹಳೆಯ ಡಿಸ್ಕಿನಲ್ಲಿ ಮೂಲ ಇನ್‌ಸ್ಟಾಲರನ್ನು ಹುಡುಕಿ,
ಅದನ್ನೇ ಮತ್ತೊಮ್ಮೆ ನಡೆಸಿರಿ.