ಮಂದಿರದಿಂದ ಮಸೀದಿಗೆ: ಅಹಮದಾಬಾದ್‌ನ ಗಲ್ಲಿಗಳಲ್ಲಿ ಪರಂಪರೆಯ ನಡಿಗೆ

ಅಹಮದಾಬಾದ್ ಎಂದೊಡನೆ ನಮ್ಮಲ್ಲಿ ಬಹುತೇಕರಿಗೆ ನೆನಪಾಗುವುದು ಸಾಬರಮತಿ ಆಶ್ರಮ, ಬಟ್ಟೆ ಗಿರಣಿಗಳು, ಇಲ್ಲವೇ ಸಂಕ್ರಾಂತಿಯಂದು ಆಗಸ ತುಂಬುವ ಗಾಳಿಪಟಗಳು. ಆದರೆ 2017ರ ಜುಲೈನಲ್ಲಿ ಯುನೆಸ್ಕೊ ಸಂಸ್ಥೆಯು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿದ್ದು ಸಾಬರಮತಿ ನದಿಯ ಪೂರ್ವ ದಂಡೆಯಲ್ಲಿರುವ ಹಳೆಯ ಕೋಟೆಯೂರನ್ನು. ಇಕ್ಕಟ್ಟಾದ ಗಲ್ಲಿಗಳು, ಕೆತ್ತನೆಯ ಮರದ ಮನೆಗಳು, ಅವುಗಳ ನಡುವೆ ಅಡಗಿರುವ ಗುಡಿ, ಬಸದಿ, ಮಸೀದಿಗಳು ಸೇರಿ ಈ ಮನ್ನಣೆಯನ್ನು ತಂದುಕೊಟ್ಟವು. ಅದಕ್ಕೂ ಮುನ್ನ ಭಾರತದ ಯಾವ ನಗರಕ್ಕೂ ಈ ಗೌರವ ದೊರೆತಿರಲಿಲ್ಲ.

ಈ ಮನ್ನಣೆಯ ಹಿಂದೆ ಎರಡು ದಶಕಗಳ ಸದ್ದಿಲ್ಲದ ಕೆಲಸವಿದೆ. ಅದರಲ್ಲಿ ಮುಖ್ಯವಾದುದು ಒಂದು ಸರಳ ಕಾರ್ಯಕ್ರಮ: ಮುಂಜಾನೆ ಆಸಕ್ತರನ್ನು ಒಟ್ಟುಗೂಡಿಸಿ, ಮಾರ್ಗದರ್ಶಕರೊಡನೆ ಹಳೆಯ ಊರಿನ ಗಲ್ಲಿಗಳಲ್ಲಿ ನಡೆಸುವುದು. 1997ರ ನವೆಂಬರ್ 19ರಂದು, ವಿಶ್ವ ಪರಂಪರೆ ಸಪ್ತಾಹದ ಮೊದಲ ದಿನ, ಅಹಮದಾಬಾದ್ ಮಹಾನಗರ ಪಾಲಿಕೆಯು ಸ್ವಯಂಸೇವಾ ಸಂಸ್ಥೆಯೊಂದರ ಜೊತೆಗೂಡಿ ಈ ನಡಿಗೆಯನ್ನು ಆರಂಭಿಸಿತು. ಅದನ್ನು ರೂಪಿಸಿದವರು ವಾಸ್ತುಶಿಲ್ಪಿ ದೇಬಾಶಿಷ್ ನಾಯಕ್. ಕಾಲುಪುರದ ಸ್ವಾಮಿನಾರಾಯಣ ಮಂದಿರದಲ್ಲಿ ಹೊರಟು ಜಾಮಾ ಮಸೀದಿಯಲ್ಲಿ ಮುಗಿಯುವುದರಿಂದ ಇದಕ್ಕೆ ‘ಮಂದಿರದಿಂದ ಮಸೀದಿಗೆ’ ಎಂಬ ಹೆಸರೇ ರೂಢಿಗೆ ಬಂದಿದೆ.

ನಡಿಗೆಯೇ ಏಕೆ?

ಕೋಟೆಯೂರನ್ನು ವಾಹನದಲ್ಲಿ ಕುಳಿತು ನೋಡಲು ಹೊರಟವರಿಗೆ ಕಾಣುವುದು ಅಂಗಡಿ ಸಾಲು, ಫಲಕಗಳು, ವಿದ್ಯುತ್ ತಂತಿಗಳ ಗೋಜಲು ಮತ್ತು ವಾಹನ ದಟ್ಟಣೆ ಮಾತ್ರ. ಊರಿನ ನಿಜವಾದ ಬದುಕು ಈ ಅಂಗಡಿ ಸಾಲಿನ ಬೆನ್ನಿಗಿದೆ. ಎರಡು ಅಂಗಡಿಗಳ ನಡುವೆ ಥಟ್ಟನೆ ಕಣ್ಣಿಗೆ ಬೀಳದ ಒಂದು ಹೆಬ್ಬಾಗಿಲು. ಅದನ್ನು ದಾಟಿದೊಡನೆ ಬೇರೆಯದೇ ಲೋಕ. ಇದೇ ‘ಪೋಳ್’.

ಹೆಬ್ಬಾಗಿಲು ಎಂಬ ಅರ್ಥದ ಸಂಸ್ಕೃತದ ‘ಪ್ರತೋಲಿ’ಯಿಂದ ಈ ಪದ ಬಂದಿದೆ ಎನ್ನುತ್ತಾರೆ. ಒಂದೇ ಕುಲ, ಕಸುಬು ಅಥವಾ ಮತದ ಕುಟುಂಬಗಳು ಒಟ್ಟಾಗಿ ನೆಲೆಸಿದ ಕೇರಿ ಎಂದು ಸ್ಥೂಲವಾಗಿ ಹೇಳಬಹುದು. ಹಳೆಯ ಊರಿನಲ್ಲಿ ಇಂಥ ಸುಮಾರು 600 ಪೋಳ್‌ಗಳಿವೆ. ಪ್ರತಿ ಪೋಳ್‌ಗೂ ತನ್ನದೇ ಹೆಬ್ಬಾಗಿಲು, ಬಾವಿ, ಗುಡಿ, ಹಿರಿಯರ ಪಂಚ ಸಮಿತಿ, ಸುದ್ದಿ ಬರೆಯುವ ಕರಿಹಲಗೆ ಇದ್ದವು. ಅವುಗಳಲ್ಲಿ ಎಷ್ಟೋ ಈಗಲೂ ಇವೆ. ರಾತ್ರಿ ಹೆಬ್ಬಾಗಿಲು ಮುಚ್ಚಿದರೆ ಕೇರಿಗೆ ಕೇರಿಯೇ ಸಣ್ಣ ಕೋಟೆಯಾಗುತ್ತಿತ್ತು. 18ನೇ ಶತಮಾನದಲ್ಲಿ ಮೊಘಲರ ಹಿಡಿತ ಸಡಿಲಗೊಂಡು, ಮರಾಠರೊಡನೆ ಅಧಿಕಾರಕ್ಕಾಗಿ ಕಾದಾಟ ನಡೆದ ಅಭದ್ರ ಕಾಲದಲ್ಲಿ ಈ ಏರ್ಪಾಡು ಇನ್ನಷ್ಟು ಬಲಗೊಂಡಿತು.

ರಕ್ಷಣೆಯ ಈ ಆಲೋಚನೆಯೇ ಊರಿನ ಗುಟ್ಟಿನ ಮೂಲೆಗಳಿಗೂ ಕಾರಣ. ಕೆಲವು ಕಡೆ ಗಲ್ಲಿಯ ಕೊನೆಯಲ್ಲಿ ಮನೆಯ ಬಾಗಿಲಿನಂತೆ ಕಾಣುವುದು ವಾಸ್ತವವಾಗಿ ಮನೆಯ ಬಾಗಿಲಲ್ಲ. ಅದನ್ನು ತೆರೆದು ಕತ್ತಲಿನ ಓಣಿಯಲ್ಲಿ ನಾಲ್ಕು ಹೆಜ್ಜೆ ನಡೆದರೆ ಪಕ್ಕದ ಪೋಳ್‌ಗೆ ತಲುಪಬಹುದು. ಅಪಾಯದ ಹೊತ್ತಿನಲ್ಲಿ ತಪ್ಪಿಸಿಕೊಳ್ಳಲು ಮಾಡಿಕೊಂಡ ದಾರಿಗಳಿವು. ಹೊರಗಿನವರಿಗೆ ತಿಳಿಯದಿರಲಿ ಎಂದೇ ಮರೆಮಾಡಿದ ಇವುಗಳನ್ನು ಬಲ್ಲವರ ನೆರವಿಲ್ಲದೆ ಕಾಣುವುದು ಕಷ್ಟ. ಮಾರ್ಗದರ್ಶಕರ ಅಗತ್ಯ ಇರುವುದೂ ಇಲ್ಲಿಯೇ.

ದಾರಿಯುದ್ದಕ್ಕೂ ಏನೇನು?

ನಡಿಗೆ ಆರಂಭವಾಗುವ ಸ್ವಾಮಿನಾರಾಯಣ ಮಂದಿರವು 1822ರಲ್ಲಿ ಪ್ರತಿಷ್ಠಾಪನೆಗೊಂಡದ್ದು. ಆ ಪಂಥದ ಮೊದಲ ದೇವಾಲಯವೂ ಇದೇ. ಬಣ್ಣ ಬಳಿದ ತೇಗದ ಕಂಬ, ಬೋದಿಗೆಗಳ ಕೆತ್ತನೆ ಕಣ್ಸೆಳೆಯುತ್ತದೆ. ಮುಂದೆ ಪೋಳ್ ಹುಡುಕಿಕೊಂಡು ಹೋಗುವವರಿಗೆ ಮರದ ಕೆತ್ತನೆಯ ಮೊದಲ ಪಾಠ ಇಲ್ಲಿಯೇ ಆಗುತ್ತದೆ.

ಅನತಿ ದೂರದಲ್ಲಿ ಲಾಂಬೇಶ್ವರನಿ ಪೋಳ್. ಗುಜರಾತಿ ಕವಿ ದಲಪತರಾಮ್ (1820-1898) ವಾಸವಿದ್ದ ಮನೆ ಇಲ್ಲಿತ್ತು. ಮೂಲ ಮನೆ ಉಳಿಯಲಿಲ್ಲ. ಅದರ ಮುಂಭಾಗವನ್ನಷ್ಟೇ ಪುನರ್‌ನಿರ್ಮಿಸಿ, ಜಗುಲಿಯ ಮೇಲೆ ಕುಳಿತ ಭಂಗಿಯಲ್ಲಿ ಕವಿಯ ಕಂಚಿನ ಪ್ರತಿಮೆಯನ್ನು ಇಡಲಾಗಿದೆ. ಎತ್ತರದ ಪೀಠವಿಲ್ಲ, ಸುತ್ತ ಬೇಲಿಯಿಲ್ಲ. ಪಕ್ಕದಲ್ಲಿ ಕುಳಿತು ಹರಟೆ ಹೊಡೆಯಬಹುದೇನೋ ಎಂಬಂತಿರುವ ಈ ಸ್ಮಾರಕ ಕೇರಿಯ ಮಕ್ಕಳಿಗೆ ಆಟದ ಜಾಗವೂ ಹೌದು.

ಮುಂದೆ ಹಾಜಾ ಪಟೇಲ್‌ನಿ ಪೋಳ್‌ನಲ್ಲಿ ಕಾಲಾ ರಾಮಜಿ ಮಂದಿರವಿದೆ. ಇಲ್ಲಿನ ರಾಮ ಕಪ್ಪು ಕಲ್ಲಿನವನು. ಸಾಮಾನ್ಯವಾಗಿ ಬಿಲ್ಲು ಹಿಡಿದು ನಿಂತಂತೆ ಕಾಣುವ ರಾಮ ಇಲ್ಲಿ ಕುಳಿತಿದ್ದಾನೆ. ಹೊರಗಿನಿಂದ ನೋಡಿದರೆ ಇದೊಂದು ಗೃಹಸ್ಥರ ಮನೆ. ಪೋಳ್‌ಗಳ ಒಳಗಿನ ಎಷ್ಟೋ ಜೈನ ಮಂದಿರಗಳೂ ಹೀಗೆಯೇ. ಹೊರಗೆ ಸಾಧಾರಣ ಬಾಗಿಲು, ಒಳಗೆ ಅಮೃತಶಿಲೆಯ ನಾಜೂಕು ಕೆತ್ತನೆ. ಶ್ರವಣಬೆಳಗೊಳ, ಮೂಡುಬಿದಿರೆಗಳಲ್ಲಿ ದೂರದಿಂದಲೇ ಗುರುತಿಸಬಹುದಾದ ಬಸದಿಗಳನ್ನು ಕಂಡ ಕನ್ನಡಿಗರಿಗೆ ಹೀಗೆ ಮನೆಗಳ ನಡುವೆ ಕರಗಿಹೋದ ಜಿನಾಲಯಗಳು ಅಚ್ಚರಿ ಹುಟ್ಟಿಸುತ್ತವೆ.

ಗಲ್ಲಿಯ ತಿರುವುಗಳಲ್ಲಿ ಒಂಟಿ ಕಂಬದ ಮೇಲೆ ಪುಟ್ಟ ಮಂಟಪದಂತಹ ರಚನೆ ಎದುರಾಗುತ್ತದೆ. ಇದು ‘ಚಬೂತರೊ’, ಹಕ್ಕಿಗಳಿಗೆ ಕಾಳು ಇಡುವ ತಾಣ. ಬೆಕ್ಕು ನಾಯಿಗಳ ಕಾಟವಿಲ್ಲದೆ ಹಕ್ಕಿಗಳು ಕಾಳು ತಿನ್ನಲಿ ಎಂದು ಎತ್ತರದಲ್ಲಿ ಕಟ್ಟಿದ್ದಾರೆ. ಕೇರಿ ಕಟ್ಟುವಾಗಲೇ ಹಕ್ಕಿಗಳಿಗೂ ಪಾಲು ಎತ್ತಿಟ್ಟ ಸಂಪ್ರದಾಯ ಇದು.

ಶೇಠಾಣಿ ಹರಕುವರ್ ಅವರ ಹವೇಲಿ ಈ ದಾರಿಯ ಇನ್ನೊಂದು ಆಕರ್ಷಣೆ. ಪತಿ, ವ್ಯಾಪಾರಿ ಹಠೀಸಿಂಗ್ ಕೇಸರಿಸಿಂಗ್ ತೀರಿಕೊಂಡ ಬಳಿಕ ದಿಲ್ಲಿ ದರ್ವಾಜಾದ ಹೊರಗಿನ ಹಠೀಸಿಂಗ್ ಜೈನ ಮಂದಿರವನ್ನು 1848ರಲ್ಲಿ ಪೂರ್ಣಗೊಳಿಸಿದವರು ಇವರೇ. 19ನೇ ಶತಮಾನದ ಮಧ್ಯದಲ್ಲಿ ಹೆಣ್ಣುಮಕ್ಕಳ ಶಾಲೆಗೂ ದಾನ ಮಾಡಿದ ಮಹಿಳೆಯ ಮನೆಯ ಮುಂದೆ ನಿಂತು ಬೃಹತ್ ಬೋದಿಗೆಗಳನ್ನು ನೋಡುವಾಗ, ಈ ಊರನ್ನು ಕಟ್ಟಿದವರು ಸುಲ್ತಾನರು ಮಾತ್ರವಲ್ಲ ಎಂಬುದು ಮನವರಿಕೆಯಾಗುತ್ತದೆ.

ಅಲ್ಲಿಂದ ಮುಂದೆ ಫರ್ನಾಂಡಿಸ್ ಸೇತುವೆಯ ಕೆಳಗಿನ ಪುಸ್ತಕ ಪೇಟೆ, 1894ರಲ್ಲಿ ಸ್ಥಾಪನೆಯಾದ ಷೇರು ವಿನಿಮಯ ಕೇಂದ್ರದ ಹಳೆಯ ಕಟ್ಟಡ, ನಂತರ ಮಾಣೇಕ್ ಚೌಕ. ಹಗಲು ಚಿನ್ನ ಬೆಳ್ಳಿಯ ವ್ಯಾಪಾರ ನಡೆಯುವ ಈ ಚೌಕವೇ ರಾತ್ರಿಯಾದೊಡನೆ ತಿಂಡಿ ಬೀದಿಯಾಗಿ ಮಾರ್ಪಡುತ್ತದೆ. ಪಕ್ಕದಲ್ಲಿಯೇ 1411ರಲ್ಲಿ ನಗರ ಸ್ಥಾಪಿಸಿದ ಸುಲ್ತಾನ ಅಹಮದ್ ಷಾನ ಸಮಾಧಿ ಹಾಗೂ ರಾಣಿಯರ ಸಮಾಧಿಗಳಿವೆ. ರಾಣಿಯರ ಸಮಾಧಿಯ ಸುತ್ತ ಬಟ್ಟೆ, ಅಲಂಕಾರ ಸಾಮಗ್ರಿಗಳ ಪೇಟೆ ಬೆಳೆದಿದೆ.

ಕೊನೆಯ ತಾಣ 1424ರಲ್ಲಿ ಪೂರ್ಣಗೊಂಡ ಜಾಮಾ ಮಸೀದಿ. ಪ್ರಾರ್ಥನಾ ಮಂದಿರದಲ್ಲಿ 260 ಕಂಬಗಳು, ಮೇಲೆ 15 ಗುಮ್ಮಟಗಳು. 1819ರ ಕಛ್ ಭೂಕಂಪದಲ್ಲಿ ಇದರ ಮಿನಾರುಗಳು ಮುರಿದವು. ಕಂಬಗಳ ಕೆತ್ತನೆಯಲ್ಲಿ ಸ್ಥಳೀಯ ಹಿಂದೂ ಮತ್ತು ಜೈನ ಶಿಲ್ಪ ಪರಂಪರೆಯ ಗುರುತು ಸ್ಪಷ್ಟ. ಮುಂಜಾನೆ ಮಂದಿರದಲ್ಲಿ ಮರದ ಮೇಲೆ ಕಂಡ ಬಳ್ಳಿ, ಹೂವಿನ ವಿನ್ಯಾಸಗಳ ನೆಂಟರು ಇಲ್ಲಿ ಕಲ್ಲಿನ ಮೇಲೆ ಕಾಣಸಿಗುತ್ತವೆ. ನಡಿಗೆಯ ಹಾದಿಯನ್ನು ಈ ಎರಡು ತುದಿಗಳ ನಡುವೆ ಹೊಂದಿಸಿದ್ದರ ಅರ್ಥ ಆಗ ತಿಳಿಯುತ್ತದೆ. 1969 ಮತ್ತು 2002ರ ಕೋಮುಗಲಭೆಗಳಲ್ಲಿ ನರಳಿದ ನಗರದಲ್ಲಿ ಇದು ಸಣ್ಣ ಮಾತಲ್ಲ.

ಮನೆಯೊಳಗಿನ ಜಾಣ್ಮೆ

ಪೋಳ್ ಮನೆಗಳ ಅಂದ ಎಷ್ಟೋ, ಅವುಗಳ ಹಿಂದಿನ ಲೆಕ್ಕಾಚಾರವೂ ಅಷ್ಟೇ. ಬೇಸಿಗೆಯಲ್ಲಿ 40 ಡಿಗ್ರಿ ಸೆಲ್ಸಿಯಸ್ ದಾಟುವ ಊರು ಇದು. ಗಲ್ಲಿ ಕಿರಿದಾಗಿ, ಮನೆಗಳು ಎತ್ತರವಾಗಿರುವುದರಿಂದ ದಿನದ ಹೆಚ್ಚು ಹೊತ್ತು ದಾರಿಯಲ್ಲಿ ನೆರಳಿರುತ್ತದೆ. ಮನೆಗಳಿಗೆ ಅಗಲ ಕಡಿಮೆ, ಉದ್ದ ಹೆಚ್ಚು; ಎರಡೂ ಪಕ್ಕದ ಗೋಡೆಗಳು ನೆರೆಮನೆಗೆ ತಾಗಿರುವುದರಿಂದ ಅವುಗಳಿಗೆ ಬಿಸಿಲು ತಗಲುವುದಿಲ್ಲ. ನಡುವೆ ಆಕಾಶಕ್ಕೆ ತೆರೆದ ಅಂಗಳ. ನಮ್ಮ ತೊಟ್ಟಿ ಮನೆಗಳ ಹಾಗೆ ಬಿಸಿ ಗಾಳಿ ಇದರ ಮೂಲಕ ಮೇಲೇರಿ ಹೋಗುತ್ತದೆ, ಒಳಕೋಣೆಗಳಿಗೆ ಬೆಳಕು ಬರುತ್ತದೆ.

ಅಂಗಳದ ನೆಲದಡಿ ‘ಟಾಂಕಾ’ ಎಂಬ ನೀರಿನ ತೊಟ್ಟಿ. ಮಾಳಿಗೆಯ ಮೇಲೆ ಬಿದ್ದ ಮಳೆನೀರು ಕೊಳವೆಯ ಮೂಲಕ ಇದಕ್ಕೆ ಇಳಿಯುತ್ತದೆ. ಮೊದಲ ಮಳೆಯ ನೀರನ್ನು ಹೊರಬಿಟ್ಟು, ಮಾಳಿಗೆ ತೊಳೆದ ನಂತರದ ನೀರನ್ನಷ್ಟೇ ತುಂಬಿಸುವುದು ರೂಢಿ. ಬೆಳಕು ತಾಗದ ಕಾರಣ ಪಾಚಿ ಬೆಳೆಯದು, ವರ್ಷವಿಡೀ ಕುಡಿಯಲು ಯೋಗ್ಯ. ಮಳೆನೀರು ಸಂಗ್ರಹ ಎಂದು ಇಂದು ನಾವು ಕಾನೂನು ಮಾಡಿ ಕಲಿಸಬೇಕಾದುದನ್ನು ಇಲ್ಲಿನ ಜನ ಮನೆ ಕಟ್ಟುವಾಗಲೇ ಅಳವಡಿಸಿಕೊಂಡಿದ್ದರು.

ಇನ್ನು ಗೋಡೆಗಳು. ಇಟ್ಟಿಗೆಯ ನಡುನಡುವೆ ಮರದ ತೊಲೆಗಳನ್ನು ಸೇರಿಸಿ ಹೆಣೆದಂತೆ ಕಟ್ಟುವ ಪದ್ಧತಿ ಇಲ್ಲಿಯದು. ಭೂಮಿ ನಡುಗಿದಾಗ ಮರ ಬಾಗುತ್ತದೆ, ಇಟ್ಟಿಗೆಯನ್ನು ಹಿಡಿದಿಡುತ್ತದೆ. 2001ರ ಜನವರಿ 26ರ ಭುಜ್ ಭೂಕಂಪದಲ್ಲಿ ಅಹಮದಾಬಾದ್‌ನ ಹೊಸ ಬಡಾವಣೆಗಳ ಹಲವು ಬಹುಮಹಡಿ ಕಾಂಕ್ರೀಟ್ ಕಟ್ಟಡಗಳು ಕುಸಿದು ನೂರಾರು ಮಂದಿ ಸತ್ತರು. ಹಳೆಯ ಊರಿನ ಮರದ ಚೌಕಟ್ಟಿನ ಮನೆಗಳು ಬಹುಮಟ್ಟಿಗೆ ತಾಳಿಕೊಂಡವು.

ಮನೆ ಉಳಿಯುವುದು ಯಾರಿಂದ?

ಭೂಕಂಪಕ್ಕೆ ಬೀಳದ ಈ ಮನೆಗಳನ್ನು ನಿಧಾನವಾಗಿ ಕೆಡವುತ್ತಿರುವುದು ಬೇರೆ ಕಾರಣಗಳು. ಕಾರು ನಿಲ್ಲಿಸಲು ಜಾಗವಿಲ್ಲದ ಗಲ್ಲಿ ತೊರೆದು ಎರಡು ಮೂರು ತಲೆಮಾರಿನ ಕುಟುಂಬಗಳು ನದಿಯ ಪಶ್ಚಿಮ ದಂಡೆಯ ಬಡಾವಣೆಗಳಿಗೆ ಹೋಗಿವೆ. ಒಂದು ಮನೆಗೆ ಹತ್ತಾರು ವಾರಸುದಾರರು. ಒಬ್ಬರು ಒಪ್ಪಿದರೆ ಇನ್ನೊಬ್ಬರು ಒಪ್ಪುವುದಿಲ್ಲ. ಹಳೆಯ ಬಾಡಿಗೆಯಲ್ಲಿರುವವರಿಂದ ಬರುವ ಹಣ ಸುಣ್ಣಬಣ್ಣಕ್ಕೂ ಸಾಲದು. ಅತ್ತ ಸಗಟು ವ್ಯಾಪಾರಿಗಳಿಗೆ ಗೋದಾಮು ಬೇಕು. ಮನೆ ಬಿದ್ದರೆ ಅಂಗಡಿ ಮಳಿಗೆ ಏಳುತ್ತದೆ. ಕೆತ್ತನೆಯ ಕಂಬ, ಬಾಗಿಲುಗಳು ಹಳೆಯ ವಸ್ತುಗಳ ವ್ಯಾಪಾರಿಗಳ ಪಾಲಾಗುತ್ತವೆ.

ನಡಿಗೆಯ ಉದ್ದೇಶ ಪ್ರವಾಸಿಗರ ಮನರಂಜನೆಯಷ್ಟೇ ಆಗಿರಲಿಲ್ಲ ಎಂಬುದು ಇಲ್ಲಿ ಮುಖ್ಯ. ದೂರದಿಂದ ಬಂದವರು ತಮ್ಮ ಜಗುಲಿಯ ಮುಂದೆ ನಿಂತು ಬೆರಗಿನಿಂದ ನೋಡುವುದನ್ನು ಕಂಡಾಗ, ‘ಹಳೇ ಮನೆ’ ಎಂದು ತಾವೇ ಹೀಗಳೆಯುತ್ತಿದ್ದುದರ ಬೆಲೆ ನಿವಾಸಿಗಳಿಗೂ ತಿಳಿಯಲಿ ಎಂಬುದು ಅದರ ಹಿಂದಿನ ಆಶಯ. ಪಾಲಿಕೆಯು ಪ್ರತ್ಯೇಕ ಪರಂಪರೆ ವಿಭಾಗ ತೆರೆಯಿತು. ಎರಡು ಸಾವಿರಕ್ಕೂ ಹೆಚ್ಚು ಕಟ್ಟಡಗಳನ್ನು ಗುರುತಿಸಿ ಪಟ್ಟಿ ಮಾಡಲಾಯಿತು. ಪಟ್ಟಿಯಲ್ಲಿರುವ ಮನೆಯನ್ನು ಕೆಡವದೆ ಉಳಿಸಿಕೊಂಡವರು, ತಮಗೆ ಕಟ್ಟಲು ಅವಕಾಶವಿದ್ದ ಹೆಚ್ಚುವರಿ ಅಂತಸ್ತುಗಳ ಹಕ್ಕನ್ನು ನಗರದ ಬೇರೆಡೆಯ ನಿರ್ಮಾಣದಾರರಿಗೆ ಮಾರಿ, ಆ ಹಣದಿಂದ ದುರಸ್ತಿ ಮಾಡಿಸಲು ಅವಕಾಶ ಕಲ್ಪಿಸಲಾಯಿತು. ಕೆಲವು ಹವೇಲಿಗಳು ಅತಿಥಿಗೃಹಗಳಾಗಿವೆ. ಆದರೂ ಕೆಡಹುವ ಸದ್ದು ನಿಂತಿಲ್ಲ. ಮನ್ನಣೆಯ ಫಲಕ ಊರಿಗೆ ಸಿಕ್ಕಿದೆ, ದುರಸ್ತಿಯ ಖರ್ಚು ಮನೆಯವರ ತಲೆಯ ಮೇಲೆಯೇ ಉಳಿದಿದೆ.

ನಮಗೇನು ಪಾಠ?

ಕರ್ನಾಟಕದಿಂದ ವಿಶ್ವ ಪರಂಪರೆಯ ಪಟ್ಟಿ ಸೇರಿದ ಹಂಪಿ (1986), ಪಟ್ಟದಕಲ್ಲು (1987) ಮತ್ತು ಹೊಯ್ಸಳ ದೇವಾಲಯಗಳು (2023) ಮುಖ್ಯವಾಗಿ ಸ್ಮಾರಕ ಸಮೂಹಗಳು. ಅವುಗಳ ರಕ್ಷಣೆಗೆ ಪುರಾತತ್ವ ಇಲಾಖೆ ಇದೆ. ಜನ ವಾಸಿಸುವ, ವ್ಯಾಪಾರ ಮಾಡುವ ಕಟ್ಟಡಗಳ ಸ್ಥಿತಿ ಬೇರೆ. ಮೈಸೂರಿನ ಲ್ಯಾನ್ಸ್‌ಡೌನ್ ಕಟ್ಟಡದ ಭಾಗವು 2012ರ ಆಗಸ್ಟ್‌ನಲ್ಲಿ ಕುಸಿದು ನಾಲ್ವರು ಅಸುನೀಗಿದರು. 2016ರಲ್ಲಿ ದೇವರಾಜ ಮಾರುಕಟ್ಟೆಯ ಒಂದು ಭಾಗವೂ ಕುಸಿಯಿತು. ಕೆಡವಬೇಕೇ, ಉಳಿಸಬೇಕೇ ಎಂಬ ಚರ್ಚೆ ಅಲ್ಲಿ ಶುರುವಾದದ್ದು ಗೋಡೆ ಬಿದ್ದ ಮೇಲೆ. ದಸರಾ ಸಮಯದಲ್ಲಿ ಮೈಸೂರಿನಲ್ಲಿಯೂ ಪಾರಂಪರಿಕ ನಡಿಗೆ ಏರ್ಪಡಿಸಲಾಗುತ್ತದೆ. ಬೆಂಗಳೂರಿನ ಪೇಟೆ ಪ್ರದೇಶದಲ್ಲಿಯೂ ಆಸಕ್ತರು ಇಂಥ ನಡಿಗೆ ನಡೆಸುತ್ತಾರೆ. ವರ್ಷಕ್ಕೊಮ್ಮೆಯ ಉತ್ಸವವನ್ನು ನಿತ್ಯದ ಕಾರ್ಯಕ್ರಮವಾಗಿಸಿ, ಅದರ ಬೆನ್ನಿಗೆ ಪಟ್ಟಿ, ಕಾನೂನು ಮತ್ತು ದುರಸ್ತಿಗೆ ಹಣದ ದಾರಿಯನ್ನೂ ಜೋಡಿಸಲು ಯತ್ನಿಸಿದ್ದು ಅಹಮದಾಬಾದ್‌ನ ವಿಶೇಷ.

ಹೋಗುವವರ ಗಮನಕ್ಕೆ

* ನಡಿಗೆ ಸಾಮಾನ್ಯವಾಗಿ ಬೆಳಿಗ್ಗೆ 8 ಗಂಟೆಯ ಸುಮಾರಿಗೆ ಕಾಲುಪುರದ ಸ್ವಾಮಿನಾರಾಯಣ ಮಂದಿರದಿಂದ ಹೊರಡುತ್ತದೆ. ಎರಡು, ಎರಡೂವರೆ ಗಂಟೆ ಹಿಡಿಯುತ್ತದೆ. ಮಂದಿರವು ಕಾಲುಪುರ ರೈಲು ನಿಲ್ದಾಣಕ್ಕೆ ಸಮೀಪದಲ್ಲಿದೆ. ವೇಳೆ ಮತ್ತು ಶುಲ್ಕವನ್ನು ಮುಂಚಿತವಾಗಿ ವಿಚಾರಿಸಿಕೊಳ್ಳುವುದು ಲೇಸು.

* ನವೆಂಬರ್‌ನಿಂದ ಫೆಬ್ರುವರಿವರೆಗಿನ ಚಳಿಗಾಲ ಸೂಕ್ತ. ಏಪ್ರಿಲ್, ಮೇ ತಿಂಗಳ ಬಿಸಿಲು ತಾಳುವುದು ಕಷ್ಟ.

* ಮಂದಿರ, ಮಸೀದಿಗಳಲ್ಲಿ ಪಾದರಕ್ಷೆ ಕಳಚಬೇಕಾದುದರಿಂದ ಸುಲಭವಾಗಿ ಬಿಚ್ಚಬಹುದಾದ ಚಪ್ಪಲಿ ಅನುಕೂಲ. ಮೈ ಮುಚ್ಚುವ ಉಡುಪು ಇರಲಿ. ಜೈನ ಮಂದಿರಗಳಿಗೆ ಚರ್ಮದ ವಸ್ತುಗಳನ್ನು ಒಯ್ಯಬಾರದು.

* ನೀವು ನೋಡುತ್ತಿರುವುದು ವಸ್ತು ಸಂಗ್ರಹಾಲಯವನ್ನಲ್ಲ, ಯಾರದೋ ಮನೆಯಂಗಳವನ್ನು. ಛಾಯಾಚಿತ್ರ ತೆಗೆಯುವ ಮುನ್ನ ಒಂದು ಮಾತು ಕೇಳಿ. ಜಗುಲಿಯ ಮೇಲೆ ಕುಳಿತ ಅಜ್ಜಿಯೊಬ್ಬರು ಒಳಗೆ ಕರೆದು ಟಾಂಕಾದ ಮುಚ್ಚಳ ತೆಗೆದು ತೋರಿಸಿದರೆ ಅದು ನಿಮ್ಮ ಅದೃಷ್ಟ.