ವರದಕ್ಷಿಣೆ ಕೇಸು ‘ರದ್ದು’ ಎಂದರೇನು?



ಮಹ್ರ್ ಕುರಿತ ಖುತ್ಬಾ ಮುಗಿದ ಮೇಲೆ ಇಬ್ಬರು ಹಿರಿಯರು ಬೇರೆ ಬೇರೆಯಾಗಿ ನನ್ನನ್ನು ತಡೆದು ನಿಲ್ಲಿಸಿದರು. ಒಬ್ಬರ ಸೊಸೆ ಠಾಣೆಗೆ ದೂರು ಕೊಟ್ಟಿದ್ದಾಳೆ. “ಹಜ್ರತ್, ಹೈಕೋರ್ಟಿನಲ್ಲಿ ಕೇಸು ರದ್ದು ಮಾಡಿಸಬಹುದಂತೆ, ಹೌದಾ?” ಎಂದರು. ಇನ್ನೊಬ್ಬರ ಮಗಳೇ ದೂರು ಕೊಟ್ಟವಳು. ರದ್ದಾಗಿಬಿಟ್ಟರೆ ಗತಿಯೇನು ಎಂಬ ಭಯ ಅವರಿಗೆ. ನಾನು ವಕೀಲನಲ್ಲ. ಬಲ್ಲವರನ್ನು ಕೇಳಿ ತಿಳಿದುಕೊಂಡದ್ದನ್ನು ಬರೆಯುತ್ತಿದ್ದೇನೆ.

ಗಂಡನಾಗಲಿ ಅವನ ಸಂಬಂಧಿಕರಾಗಲಿ ಹೆಂಡತಿಯನ್ನು ಹಿಂಸಿಸಿದರೆ ಮೂರು ವರ್ಷದವರೆಗೆ ಜೈಲು, ಜೊತೆಗೆ ದಂಡ ಎನ್ನುವ 498ಎ ಕಲಂ ಬಂದದ್ದು 1983ರಲ್ಲಿ. 2024ರ ಜುಲೈ 1ರಿಂದ ಅದು ಭಾರತೀಯ ನ್ಯಾಯ ಸಂಹಿತೆಯ 85 ಮತ್ತು 86ನೇ ಕಲಂ. ಇದರೊಂದಿಗೆ 1961ರ ವರದಕ್ಷಿಣೆ ನಿಷೇಧ ಕಾಯ್ದೆಯೂ ಇದೆ. ‘ಅದು ನಮಗಲ್ಲ, ನಮ್ಮಲ್ಲಿರುವುದು ಮಹ್ರ್’ ಎನ್ನುವವರಿದ್ದಾರೆ. ಮಹ್ರ್ ವರದಕ್ಷಿಣೆಯಲ್ಲ ಎಂದು ಆ ಕಾಯ್ದೆಯೇ ಹೇಳುತ್ತದೆ, ನಿಜ. ಆದರೆ ಜೋಡೆ ಕೀ ರಖಂ, ಬೈಕು, ಫರ್ನಿಚರ್ ಮಹ್ರ್ ಆಗುವುದು ಹೇಗೆ? ಮಹ್ರ್ ಗಂಡು ಕೊಡುವುದು. ಇದು ಗಂಡು ಕೇಳುವುದು.

ವಿಚಾರಣೆಗೆ ಮುಂಚೆಯೇ ಎಫ್‌ಐಆರ್ ರದ್ದು ಮಾಡಿ ಎಂದು ಅಟ್ಟಾರ ಕಚೇರಿಯ ನಮ್ಮ ಹೈಕೋರ್ಟಿಗೆ ಅರ್ಜಿ ಹಾಕಬಹುದು. ಹಿಂದೆ ಇದಕ್ಕೆ 482ನೇ ಕಲಂ ಇತ್ತು, ಹೊಸ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 528. ನ್ಯಾಯಾಲಯ ಆ ಹಂತದಲ್ಲಿ ಸಾಕ್ಷಿಗಳನ್ನು ತೂಗುವುದಿಲ್ಲ. ದೂರಿನಲ್ಲಿರುವುದೆಲ್ಲ ನಿಜವೆಂದೇ ಇಟ್ಟುಕೊಂಡರೂ ಅಪರಾಧ ಕಾಣುತ್ತದೆಯೇ, ಅಥವಾ ಬರೀ ಹಗೆಯಿಂದ ಕೊಟ್ಟ ದೂರೇ ಎಂದು ಮುಖ್ಯವಾಗಿ ನೋಡುತ್ತದೆ. 1990ರ ಭಜನ್ ಲಾಲ್ ತೀರ್ಪು ಇದಕ್ಕೆ ಅಳತೆಗೋಲು.

ಬಿಹಾರದ ಒಂದು ಮುಸ್ಲಿಂ ಕುಟುಂಬದ ಪ್ರಕರಣ ಕೇಳಿ. 2022ರ ಫೆಬ್ರುವರಿಯಲ್ಲಿ ಸುಪ್ರೀಂ ಕೋರ್ಟ್ ಅದರ ತೀರ್ಪು ಕೊಟ್ಟಿತು. ಪೀಠದಲ್ಲಿದ್ದ ಇಬ್ಬರಲ್ಲಿ ಒಬ್ಬರು ನಮ್ಮ ದಕ್ಷಿಣ ಕನ್ನಡದ ನ್ಯಾಯಮೂರ್ತಿ ಎಸ್. ಅಬ್ದುಲ್ ನಝೀರ್. ಗಂಡನ ಮನೆಯವರೆಲ್ಲ ಸೇರಿ ಪೀಡಿಸಿದರು ಎಂದಿತ್ತೇ ಹೊರತು, ಯಾರು ಏನು ಮಾಡಿದರು ಎಂದಿರಲಿಲ್ಲ. ಸಂಬಂಧಿಕರ ಮೇಲಿನ ಕೇಸು ರದ್ದಾಯಿತು. ಗಂಡ ಅರ್ಜಿ ಹಾಕಿರಲಿಲ್ಲ. ಅವನ ಮೇಲಿನ ಆರೋಪ ನಿಜವೋ ಸುಳ್ಳೋ ಎಂದು ಕೋರ್ಟ್ ನೋಡಲೇ ಇಲ್ಲ. ‘ಕೇಸು ಬಿದ್ದುಹೋಯಿತು’ ಎಂದು ಮೊಹಲ್ಲಾದಲ್ಲಿ ಹೇಳಿಕೊಂಡು ತಿರುಗುವವರು ಇದನ್ನು ಗಮನಿಸಬೇಕು.

2024ರ ಡಿಸೆಂಬರ್ 10ರಂದು ತೆಲಂಗಾಣದ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ ಗಂಡನ ಮೇಲಿನ ಕೇಸನ್ನೂ ರದ್ದು ಮಾಡಿತು. ನಿಜವಾಗಿ ಹಿಂಸೆ ಅನುಭವಿಸಿದ ಹೆಣ್ಣು ಸುಮ್ಮನಿರಬೇಕೆಂದು ತಾನು ಹೇಳುತ್ತಿಲ್ಲ ಎಂಬ ಮಾತನ್ನೂ ಅದೇ ತೀರ್ಪಿನಲ್ಲಿ ಸೇರಿಸಿತು.

ಆದ್ದರಿಂದ ಮಗಳ ತಂದೆಗೆ ನಾನು ಹೇಳಿದ್ದು: ಯಾವ ದಿನ, ಯಾರು, ಎಷ್ಟು ಕೇಳಿದರು, ಏನು ಮಾಡಿದರು ಎಂದು ಬರೆಸಿ. ಆಸ್ಪತ್ರೆ ಚೀಟಿ, ಮೆಸೇಜು ಇದ್ದರೆ ಇಟ್ಟುಕೊಳ್ಳಿ. ಹತ್ತು ವರ್ಷದ ಹಿಂದೆಯೇ ಮದುವೆಯಾಗಿ ಬೇರೆ ಊರಿಗೆ ಹೋದ ನಾದಿನಿಯ ಹೆಸರನ್ನು ಸಿಟ್ಟಿಗೆ ಸೇರಿಸಬೇಡಿ. ಅದು ಝುಲ್ಮ್, ನಿಜವಾದ ದೂರೂ ಅದರಿಂದ ಸಡಿಲವಾಗುತ್ತದೆ. ಹೊರ ಊರಿನ ಗಂಡನ ಮನೆಯಿಂದ ಓಡಿಬಂದ ಹೆಣ್ಣು ಆಶ್ರಯ ಪಡೆದ ತವರೂರಿನಲ್ಲೇ ದೂರು ಕೊಡಬಹುದು ಎಂದು 2019ರಲ್ಲಿ ತೀರ್ಪಾಗಿದೆ. ಹುಡುಗನ ತಂದೆಗೆ ಸೂರಾ ಅನ್ನಿಸಾ ನೆನಪಿಸಿದೆ: ಸಾಕ್ಷ್ಯ ಸ್ವಂತ ಮನೆಯವರ ವಿರುದ್ಧವಾದರೂ ನ್ಯಾಯದ ಪರ ನಿಲ್ಲಬೇಕೆಂಬ ಆಜ್ಞೆ ಅಲ್ಲಿದೆ. ಅವರಿಗೆ ಅದು ಹಿಡಿಸಲಿಲ್ಲ.

ಇನ್ನು ರಾಜಿ. ಈ ಕೇಸನ್ನು ಠಾಣೆಯಲ್ಲೋ ಜಮಾತಿನಲ್ಲೋ ಕೂತು ಹಿಂಪಡೆಯಲು ಬರುವುದಿಲ್ಲ. ಇಬ್ಬರೂ ಒಪ್ಪಿದರೆ ಹೈಕೋರ್ಟ್ ರದ್ದು ಮಾಡಬಹುದು ಎಂದು 2003ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ನನಗೆ ಹೆಚ್ಚು ಆತಂಕ ಇಲ್ಲೇ. ಖುಲಾ ಬೇಕಾದರೆ ಮೊದಲು ಅಫಿಡವಿಟ್‌ಗೆ ಸಹಿ ಹಾಕು ಎಂದು ಹುಡುಗಿಯನ್ನು ಹಿರಿಯರೇ ಒತ್ತಾಯಿಸುವುದನ್ನು ನೋಡಿದ್ದೇನೆ. ಬಾಕಿ ಮಹ್ರ್, ತವರಿನ ಸಾಮಾನು, ಮಕ್ಕಳ ಖರ್ಚು ಒಪ್ಪಂದದಲ್ಲಿ ಬರೆದಿರಬೇಕು, ಕೈಸೇರುವುದಕ್ಕೆ ವ್ಯವಸ್ಥೆಯಾಗಿರಬೇಕು. ಸಹಿ ಆಮೇಲೆ.

ಮದುವೆಯಲ್ಲಿ ಬಂದ ಉಡುಗೊರೆಗಳ ಪಟ್ಟಿ ಬರೆದು ಸಹಿ ಹಾಕಿಡಬೇಕೆಂಬ ನಿಯಮ 1985ರಿಂದಲೂ ಇದೆ. ಇನ್ನು ಮುಂದೆ ನಿಕಾಹ್‌ಗೆ ಬರುವವರು ಅದರ ಒಂದು ಪ್ರತಿಯನ್ನು ನನಗೂ ಕೊಡಿ, ನಿಕಾಹ್‌ನಾಮಾದ ಜೊತೆ ಇಡುತ್ತೇನೆ.